ಕಾಲು ಕಿಲೋ ಖೀಮಾ, ಆರು ಮಂದಿ: ತೊಗರಿ ಬ್ಯಾಳಿ ಹಾಕಿದ ಖೀಮಾ ಸೂಪು

[ದೃಶ್ಯ: ಅಡುಗೆ ಕಟ್ಟೆ. ತಕ್ಕಡಿಯ ಮೇಲೆ ಖೀಮಾದ ಪೊಟ್ಟಣ. ಪಕ್ಕದಲ್ಲಿ ಬಟ್ಟಲಿನಲ್ಲಿ ತೊಗರಿ ಬೇಳೆ.]

ಇದು ಕಾಲು ಕಿಲೋ ಅದ ನೋಡ್ರಿ. ಮನ್ಯಾಗ ನಾವು ಆರು ಮಂದಿ. ಇದನ್ನ ಹಂಗೇ ಸುಕ್ಕಾ ಮಾಡಿ ಇಟ್ರ ಮೊದಲನೇ ರೊಟ್ಟಿ ಮುಗಿಯೋದ್ರಾಗ ಡಬರಿ ಖಾಲಿ. ಕಡೀಗ ಉಣ್ಲಾಕ ಕುಂತವರಿಗ ಬರೇ ಮಸಾಲಿ ಕೆರ್ಕೊಂಡು ತಿನ್ನೋ ಪಾಳಿ. ನಮ್ಮನ್ಯಾಗ ಆ ಕಡೀಗ ಕೂಡೋರು ಯಾರಂತ ನಾ ಹೇಳಬೇಕಿಲ್ಲ, ಅಡಿಗಿ ಮಾಡಿದವರೇ.

ಅದಕ್ಕ ಇವತ್ತು ಇದೇ ಕಾಲು ಕಿಲೋದಾಗ ದೊಡ್ಡ ಡಬರಿ ತುಂಬ ಸೂಪು ಮಾಡೋಣ. ಹೋಟೆಲಿನಾಗ ಸಣ್ಣ ಕಪ್ಪಿನಾಗ ಕೊಡೋ ತೆಳ್ಳನೆಯ ಸೂಪಲ್ಲ. ಚಮಚ ನೆಟ್ಟಗ ನಿಂದ್ರಬೇಕು, ಹಂಥಾದ್ದು.

[ದೃಶ್ಯ: ನಿರೂಪಕಿ ಕ್ಯಾಮೆರಾ ಕಡೆ ತಿರುಗಿ]

ಇದರ ಮೂಲ ಅಮೆರಿಕಾದ ಮನಿಗಳದ್ದು. ಅಲ್ಲಿ ಹ್ಯಾಂಬರ್ಗರ್ ಸೂಪ್ ಅಂತಾರ. ದನದ ಮಾಂಸದ ಖೀಮಾ, ಆಲೂಗಡ್ಡಿ, ಗಜ್ಜರಿ, ಟಮಾಟಿ, ಜೋಡಿಗಿ ಬಾರ್ಲಿ ಇಲ್ಲಾ ಮ್ಯಾಕರೋನಿ. ಒಂದೇ ಡಬರ್ಯಾಗ ಎಲ್ಲಾ ಹಾಕಿ ಕುದಿಸೋದು. ಕೇಳಿದ್ರ ಹೊಸಾದು ಅನಸ್ತದ, ಖರೆ ಅಂದ್ರ ನಮ್ಮ ಕಲಬುರಗಿಗ ಇದೇನು ಹೊಸಾದಲ್ಲ. ದಾಲ್ಚಾ ಅಂದ್ರೇನು? ಬ್ಯಾಳ್ಯಾಗ ನಾಕು ತುಣುಕು ಮಾಂಸ, ಸೋರೆಕಾಯಿ. ರಂಜಾನ್ ತಿಂಗಳದಾಗ ದರ್ಗಾದ ಕಡೆ ಹೋದ್ರ ಹಂಡೇದಾಗ ಕುದಿಯೋ ಹಲೀಂ ಅಂದ್ರೇನು? ಗೋದಿ, ಬ್ಯಾಳಿ, ಮಾಂಸ. ಸ್ವಲ್ಪ ಮಾಂಸದ ರುಚಿಯನ್ನ ಭಾಳ ಮಂದೀಗ ಮುಟ್ಟಿಸೋ ಯುಕ್ತಿ ನಮ್ಮ ಮಂದೀಗ ಮೊದಲಿಂದ ಗೊತ್ತದ.

ಈಗ ಮಾಂಸದ ಮಾತು. ಇದನ್ನ ಬಿಟ್ಟು ಮುಂದ ಹೋಗಂಗಿಲ್ಲ, ಯಾಕಂದ್ರ ಕಾಮೆಂಟಿನಾಗ ಮೊದಲ ಪ್ರಶ್ನೆ ಇದೇ ಬರ್ತದ. ನಮ್ಮ ರಾಜ್ಯದಾಗ 2021ರಿಂದ ಹೊಸ ಕಾಯ್ದೆ ಜಾರಿ ಅದ. ಆಕಳು, ಎತ್ತು, ಹೋರಿ, ಕರ ಕಡಿಯಂಗಿಲ್ಲ. ಎಮ್ಮಿ-ಕೋಣ ಆದ್ರ 13 ವರ್ಷ ದಾಟಿರಬೇಕು, ಅದೂ ಅಧಿಕಾರಿ ನೋಡಿ ಪ್ರಮಾಣಪತ್ರ ಕೊಟ್ಟ ಮ್ಯಾಲ. ಹಂಗಾಗಿ ಪರವಾನಗಿ ಇರೋ ಅಂಗಡ್ಯಾಗ "ಬಡೇ ಕಾ" ಅಂತ ಕೇಳಿದ್ರ ಸಿಗಬೇಕಾದ್ದು ವಯಸ್ಸಾದ ಎಮ್ಮೀದೇ.

ಇಲ್ಲೇ ಅದರಿ ಈ ಸೂಪಿನ ಗುಟ್ಟು. ವಯಸ್ಸಾದ ಜಾನುವಾರದ ಮಾಂಸ ಬಿರುಸು. ಜೀವಮಾನ ಪೂರ್ತಿ ನಡದಾಡಿದ ಸ್ನಾಯು, ಅದರ ನಡುವಿನ ನಾರು ಗಟ್ಟಿ ಆಗಿರ್ತದ. ತುಣುಕು ಮಾಡಿ ಅರ್ಧ ತಾಸಿನ್ಯಾಗ ಬೇಯಿಸ್ತೀನಿ ಅಂದ್ರ ಹಲ್ಲಿಗ ಕೆಲಸ. ಖೀಮಾ ಮಾಡಿದ್ರ ಆ ನಾರನ್ನ ಮಷೀನೇ ಕತ್ತರಿಸಿ ಕೊಡ್ತದ. ಉಳಿದಿದ್ದು ನೀರಿನಾಗ ನಿಧಾನ ಕುದ್ದು ಕರಗ್ತದ, ಕರಗಿ ಸಾರಿಗೇ ಅಂಟು, ದಪ್ಪ ಕೊಡ್ತದ. ಪಾಯಾ, ಅಂದ್ರ ಕಾಲಿನ ಸೂಪು, ಮಾಡಿದಾಗ ತುಟಿಗ ಅಂಟ್ತದಲ್ಲ, ಅದೇ ಇದು. ಸುಕ್ಕಾಕ್ಕ ದೋಷ ಆಗಿದ್ದು ಸೂಪಿಗ ಗುಣ ಆಗ್ತದ.

ದೊಡ್ಡದು ತಿನ್ನದವರು ಮಟನ್ ಖೀಮಾ ತಗೋರಿ, ಅಳತಿ ಇದೇ. ಮಟನ್ನಿನಾಗ ಕೊಬ್ಬು ಜಾಸ್ತಿ ಇದ್ರ ಎಣ್ಣಿ ಕಡಿಮಿ ಮಾಡ್ರಿ ಅಷ್ಟೇ.

[ದೃಶ್ಯ: ಮಾಂಸದ ಅಂಗಡಿ. ಮಷೀನಿನಿಂದ ಖೀಮಾ ಬೀಳುತ್ತಿದೆ.]

ಅಂಗಡ್ಯಾಗ ಎರಡು ಮಾತು ನೆನಪಿಡ್ರಿ. ಮೊದಲೇ ಅರದು ಗುಂಪಿ ಹಾಕಿದ್ದು ತಗೋಬ್ಯಾಡ್ರಿ. ಮಾಂಸದ ತುಣುಕಿಗ ಕ್ರಿಮಿ ಇದ್ರ ಮ್ಯಾಲ ಮ್ಯಾಲ ಇರ್ತಾವ, ಅರದ ಮ್ಯಾಲ ಅವು ಒಳಗೂ ಹೊರಗೂ ಎಲ್ಲಾ ಕಡೆ ಆಗ್ತಾವ. ಅದಕ್ಕೇ ಖೀಮಾ ಅರ್ಧ ಬೆಂದ್ರ ನಡೆಯಂಗಿಲ್ಲ, ಒಳಗ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು ಅಂತಾರ. ಸೂಪಿನಾಗ ಆ ಚಿಂತಿ ಇಲ್ಲ, ಹ್ಯಾಂಗೂ ಕುದಿತದ.

ಎರಡನೇದು ತೊಳೆಯೋ ವಿಚಾರ. "ತೊಳೀದೇ ಹ್ಯಾಂಗ್ರೀ ತಿನ್ನೋದು?" ಅಂತ ನಮ್ಮತ್ತಿ ಕೇಳ್ತಾರ. ಖೀಮಾ ತೊಳದ್ರ ರುಚಿ ಎಲ್ಲಾ ಮೋರಿಗ, ಜೋಡಿಗಿ ಜರಡ್ಯಾಗ ಅರ್ಧ ಸಿಕ್ಕೊಂತದ. ಅಂಗಡಿಯವರಿಗ, "ಅಣ್ಣಾರ, ತುಣುಕು ಇರೋವಾಗೇ ತೊಳದು, ನೀರು ಬಸದು, ನನ್ನ ಮುಂದೇ ದಪ್ಪ ಜಾಲರಿ ಹಾಕಿ ಒಂದೇ ಸಲ ಅರೀರಿ" ಅಂತ ಹೇಳ್ರಿ. ಅತ್ತೀಗೂ ಸಮಾಧಾನ, ಸೂಪಿಗೂ ಸಮಾಧಾನ. ಎರಡು ಸಲ ಅರದ್ರ ಸೂಪಿನಾಗ ಹಿಟ್ಟಿನಂಗ ಆಗ್ತದ, ಬಾಯಿಗ ಏನೂ ಸಿಗಂಗಿಲ್ಲ.

[ದೃಶ್ಯ: ಸಾಮಾನುಗಳು ಬಂಡೆಯ ಮೇಲೆ. ತೆರೆಯ ಮೇಲೆ ಅಳತೆ ಮೂಡುತ್ತದೆ.]

ಉಳಿದ ಸಾಮಾನು. ತೊಗರಿ ಬ್ಯಾಳಿ 100 ಗ್ರಾಂ, ಅರ್ಧ ಕಪ್ಪು ಅನ್ರಿ. ಜೋಳದ ನುಚ್ಚು ಎರಡು ದೊಡ್ಡ ಚಮಚ, ಬಾರ್ಲಿಯ ಜಾಗಾಕ್ಕ. ಉಳ್ಳಾಗಡ್ಡಿ ಎರಡು, ಆಲೂಗಡ್ಡಿ ಎರಡು, ಗಜ್ಜರಿ ಎರಡು, ಟಮಾಟಿ ಮೂರು. ಬಳ್ಳೊಳ್ಳಿ ಒಂದು ಗಡ್ಡಿ, ಹಸಿಶುಂಠಿ ಒಂದಿಂಚು. ಜೀರಗಿ, ಅರಿಷಿಣ, ಉಪ್ಪು, ಮನ್ಯಾಗಿನ ಮಸಾಲಿ ಖಾರ ಒಂದೂವರೆ ಚಮಚ. ಮಸಾಲಿ ಖಾರ ಇದ್ರ ಗರಂ ಮಸಾಲಿ ಬೇರೆ ಬೇಕಿಲ್ಲ, ಅದರಾಗೇ ಎಲ್ಲಾ ಅದ. ನೀರು ಒಂದೂವರೆ ಲೀಟರ್.

ತೊಗರಿ ಯಾಕಂತ ಕಲಬುರಗಿಯವರಿಗ ಹೇಳಬೇಕಾ? ನಮ್ಮ ಜಿಲ್ಲಾಕ್ಕ ತೊಗರಿ ಕಣಜ ಅಂತಾರ, 2019ರಾಗ ಕಲಬುರಗಿ ತೊಗರಿಗ ಜಿಐ, ಅಂದ್ರ ಭೌಗೋಳಿಕ ಗುರುತಿನ ಮಾನ್ಯತೆ ಬಂತು. ಆದ್ರ ನಾ ಹಾಕೋದು ಊರಿನ ಅಭಿಮಾನಕ್ಕಲ್ಲ, ಲೆಕ್ಕಕ್ಕ. ಕಾಲು ಕಿಲೋ ಖೀಮಾದಾಗ ಸುಮಾರು 50 ಗ್ರಾಂ ಪ್ರೋಟೀನ್, 100 ಗ್ರಾಂ ಬ್ಯಾಳ್ಯಾಗ ಸುಮಾರು 22. ಎರಡೂ ಕೂಡಿಸಿ ಆರು ಮಂದೀಗ ಹಂಚಿದ್ರ ತಲೀಗ 12 ಗ್ರಾಂ. ಬಾಜೂಕ ಜೋಳದ ರೊಟ್ಟಿ ಇದ್ರ ಅದರದ್ದು ಬೇರೆ. ಆ ಬ್ಯಾಳಿಯ ಜಾಗಾಕ್ಕ ಅಷ್ಟೇ ಪ್ರೋಟೀನಿನ ಮಾಂಸ ಹಾಕಬೇಕಂದ್ರ ಇನ್ನೂ 110 ಗ್ರಾಂ ಖೀಮಾ ಬೇಕು. ನಿಮ್ಮ ಓಣ್ಯಾಗಿನ ರೇಟಿಗ ನೀವೇ ಗುಣಿಸ್ಕೋರಿ.

ಬ್ಯಾಳಿನ ಅರಿಷಿಣ ಹಾಕಿ ಬೇರೆ ಕುಕ್ಕರಿನಾಗ ನಾಕು ಸೀಟಿ ಹೊಡಸ್ರಿ. ಬೋರಿನ ನೀರು ಬ್ಯಾಡ. ನಮ್ಮ ಕಡೆ ನೆಲದಾಗ ಸುಣ್ಣದಕಲ್ಲು, ಶಹಾಬಾದ್ ಬಂಡಿ ಅಲ್ಲಿಂದೇ ಬರ್ತಾವಲ್ಲ, ಬೋರಿನ ನೀರಿನಾಗ ಆ ಸುಣ್ಣ ಇದ್ರ ಬ್ಯಾಳಿ ಎಷ್ಟು ಕುದಿಸಿದ್ರೂ ಕಾಳುಕಾಳು ನಿಲ್ತದ. ಕುಡಿಯೋ ನೀರು ಹಾಕ್ರಿ.

[ದೃಶ್ಯ: ಕಬ್ಬಿಣದ ಕಡಾಯಿ, ಹೊಗೆ ಆಡುವಷ್ಟು ಕಾದ ಎಣ್ಣೆ]

ಈಗ ಬರ್ರಿ, ಇಡೀ ಅಡಿಗಿ ನಿಂತಿರೋದು ಈ ಹತ್ತು ಮಿನಿಟಿನ ಮ್ಯಾಲ.

ನಾ ಮೊದಲ ಸಲ ಮಾಡಿದಾಗ ಏನ್ ಮಾಡಿದ್ದೆ ಗೊತ್ತೇನ್ರಿ? ಎಣ್ಣಿ ಕಾಯೋಕಿಂತ ಮುಂಚೇನೇ ಖೀಮಾ ಎಲ್ಲಾ ಒಮ್ಮಿಗೇ ಸುರುವಿ, ಉಪ್ಪು ಹಾಕಿ, ಮುಚ್ಚಿಟ್ಟೆ. ತಗದು ನೋಡಿದ್ರ ಬೂದಿ ಬಣ್ಣದ ಮುದ್ದಿ, ಸುತ್ತ ನೀರು, ಒಂಥರಾ ಹಸಿ ವಾಸನಿ. ಬಾಜೂ ಮನಿ ಆಪಾ ಬಗ್ಗಿ ನೋಡಿ, "ಏ ಬೇಟಾ, ಖೀಮಾ ಇನ್ನೂ ಅಳ್ಳಿಕತ್ತದ, ನೀ ಆಗಲೇ ಮುಸುಕು ಹಾಕಿದ್ಯಲ್ಲ" ಅಂದ್ರು. ಅವರ ಮನ್ಯಾಗ ಹುರಿಯೋದಕ್ಕ ಭೂನ್ನಾ ಅಂತಾರ. ಖೀಮಾ ಅಳೋದು ನಿಲ್ಲೋ ತನಕ ಭೂನಬೇಕು, ಆಮ್ಯಾಲ ನೀರಿನ ಮಾತು.

ಆಪಾ ಹೇಳಿದ್ದರ ಹಿಂದ ಕಾರಣ ಹಿಂಗ ಅದ. ಮಾಂಸದಾಗ ಹೆಚ್ಚು ಪಾಲು ನೀರೇ. ನೀರು ಇರೋ ತನಕ ಕಡಾಯಿ ಒಳಗಿನ ಕಾವು 100 ಡಿಗ್ರಿ ದಾಟಂಗಿಲ್ಲ. ಕಂದು ಬಣ್ಣ, ಹುರದ ಘಮ ಹುಟ್ಟಬೇಕಂದ್ರ ಸುಮಾರು 140 ಬೇಕು. ರೊಟ್ಟಿ ಮ್ಯಾಲ ಕಪ್ಪು ಚುಕ್ಕಿ ಬರ್ತಾವಲ್ಲ, ನೀರು ಹಚ್ಚಿದ ಮಗ್ಗಲಿಗ ನೀರು ಆರಿದ ಮ್ಯಾಲೇ ಬರ್ತಾವ. ಇಲ್ಲೂ ಅದೇ.

ಅದಕ್ಕ ಎರಡು ಪಾಲು ಮಾಡ್ರಿ. ಎಮ್ಮಿ ಖೀಮಾದಾಗ ಕೊಬ್ಬು ಕಡಿಮಿ, ಹಂಗಾಗಿ ಎರಡು ಚಮಚ ಎಣ್ಣಿ. ಉರಿ ಜೋರು. ಅರ್ಧ ಖೀಮಾ ಹಾಕಿ, ಹರಡಿ, ಕೈ ಕಟ್ಕೊಂಡು ನಿಂದ್ರರಿ. ಮೂರು ಮಿನಿಟು ಮುಟ್ಟಬ್ಯಾಡ್ರಿ! ಸೌಟು ಕೈಯಾಗ ಇದ್ರ ಮನಸ್ಸು ತಡಿಯಂಗಿಲ್ಲ, ದೂರ ಇಡ್ರಿ. ಸಪ್ಪಳ ಕೇಳ್ರಿ. ಮೊದಲು ಕುದಿಯೋ ಸಪ್ಪಳ, ಆಮ್ಯಾಲ ಚಟಚಟ. ಚಟಚಟ ಅಂದಾಗ ತಿರುವ್ರಿ. ಕೆಳಗಿನ ಮಗ್ಗಲು ಬೆಲ್ಲದ ಬಣ್ಣ ಬಂದಿರ್ತದ.

[ದೃಶ್ಯ: ಹತ್ತಿರದಿಂದ, ಕಡಾಯಿಯ ತಳಕ್ಕೆ ಹತ್ತಿದ ಕಂದು ಪದರ]

ತಳಕ್ಕ ಹತ್ತಿದ್ದು ನೋಡಿ ಹೆದರಬ್ಯಾಡ್ರಿ, ಕರ್ರಗ ಸುಟ್ಟಿಲ್ಲ ಅಂದ್ರ ಸಾಕು. ಇದೇ ರೊಕ್ಕದ ರುಚಿ. ಉಳಿದ ಅರ್ಧ ಖೀಮಾನೂ ಹಿಂಗೇ ಹುರದು, ಎಲ್ಲಾ ತಗದಿಟ್ಟು ಅದೇ ಕಡಾಯ್ಯಾಗ ಜೀರಗಿ, ಉಳ್ಳಾಗಡ್ಡಿ ಹಾಕ್ರಿ. ಉಳ್ಳಾಗಡ್ಡಿ ನೀರು ಬಿಟ್ಟಾಗ ಸೌಟಿನಿಂದ ತಳ ಕೆರೀರಿ, ಎಲ್ಲಾ ಎದ್ದು ಬರ್ತದ. ಬಳ್ಳೊಳ್ಳಿ, ಶುಂಠಿ, ಖಾರ. ಖಾರ ಹಾಕಿದ ಕೂಡ್ಲೇ ಉರಿ ಸಣ್ಣ, ಇಲ್ಲಾಂದ್ರ ಓಣಿಗೆಲ್ಲ ಕೆಮ್ಮು.

ಇನ್ನ ಮುಂದಿಂದು ಸಲೀಸು. ಎಲ್ಲಾ ಕುಕ್ಕರಿಗ ಹಾಕಿ, ಖೀಮಾ, ನುಚ್ಚು, ಉಪ್ಪು, ಒಂದು ಲೀಟರ್ ನೀರು. ಕಡಾಯಿ ಆ ನೀರಿನಾಗೇ ತೊಳದು ಹಾಕ್ರಿ. ಮೂರು ಸೀಟಿ ಆದ ಮ್ಯಾಲ ಸಣ್ಣ ಉರಿಯಾಗ ಹದಿನೈದು ಮಿನಿಟು. ಮಟನ್ ಆದ್ರ ಎರಡು ಸೀಟಿ ಸಾಕು, ಸಣ್ಣ ಉರಿ ಬೇಕಿಲ್ಲ.

ಮುಚ್ಚಳ ತಗದು ಆಲೂಗಡ್ಡಿ, ಗಜ್ಜರಿ ಹಾಕ್ರಿ. ಅವು ಮೆತ್ತಗ ಆದ ಮ್ಯಾಲೇ ಕಡದ ಬ್ಯಾಳಿ, ಉಳಿದ ಅರ್ಧ ಲೀಟರ್ ನೀರು, ಟಮಾಟಿ. ಟಮಾಟಿ ಮೊದಲೇ ಹಾಕಿದ್ರ ಅದರ ಹುಳಿಗ ಆಲೂಗಡ್ಡಿ ಲಗೂನ ಮೆತ್ತಗಾಗಂಗಿಲ್ಲ, ಗ್ಯಾಸ್ ಸುಮ್ಮನೆ ಉರಿತದ. ಆಮ್ಯಾಲ ಹತ್ತು ಮಿನಿಟು ಕುದಿ.

ಟಮಾಟಿ ತುಟ್ಟಿ ಆದ ದಿನ? ಒಂದು ಹಿಡಿ ಪುಂಡಿ ಪಲ್ಲೆ ಹೆಚ್ಚಿ ಹಾಕ್ರಿ. ನನ್ನ ಕೇಳಿದ್ರ ಟಮಾಟಿಕಿಂತ ಅದೇ ಚಲೋ. ಎಮ್ಮಿ ಮಾಂಸದ ಭಾರ ಪುಂಡಿ ಹುಳಿಗ ಇಳಿದಂಗ ಟಮಾಟಿಗ ಇಳಿಯಂಗಿಲ್ಲ. ಹ್ಯಾಂಬರ್ಗರ್ ಸೂಪ್ ಮಾಡೋ ಅಮೆರಿಕದವರು ಇದನ್ನ ನೋಡಿದ್ರ ಹೆಸರು ಬದಲು ಮಾಡ್ರಿ ಅಂದಾರು, ಅನ್ಲಿ ಬಿಡ್ರಿ.

[ದೃಶ್ಯ: ಡಬರಿಯಲ್ಲಿ ಸೂಪು. ಮೇಲೆ ಕೊತ್ತಂಬರಿ, ಪುದೀನಾ.]

ಲಿಂಬಿಹಣ್ಣು ಹಿಂಡೋದಿದ್ರ ತಾಟಿನಾಗ ಹಿಂಡ್ಕೋರಿ, ಕುದಿಯೋದ್ರಾಗ ಹಿಂಡಿದ್ರ ಘಮ ಹಾರಿ ಹೋಗ್ತದ. ಬಿಸಿ ರೊಟ್ಟಿ ಮುರದು ಹಾಕಿ ನೆನಸಿ ತಿನ್ನೋರು ಒಂದು ಪಾರ್ಟಿ, ಬಾಜೂಕ ಇಟ್ಕೊಂಡು ಅದ್ದಿ ತಿನ್ನೋರು ಇನ್ನೊಂದು ಪಾರ್ಟಿ. ನಾ ಮೊದಲನೇ ಪಾರ್ಟಿ.

ಇನ್ನ ಉಳಿದಿದ್ದು ಹ್ಯಾಂಗ ಇಡೋದು. ಒಂದು ಮೇ ತಿಂಗಳದಾಗ ರಾತ್ರಿ ಉಂಡು, ಆರಲಿ ಆಮ್ಯಾಲ ಫ್ರಿಜ್ಜಿನಾಗ ಇಡೋಣ ಅಂತ ಕಟ್ಟಿ ಮ್ಯಾಲ ಬಿಟ್ಟು ಮಲಗಿದ್ದೆ. ಮುಂಜಾನಿ ಮುಚ್ಚಳ ತಗದ್ರ ಬುರುಗು. ಡಬರಿ ಪೂರ್ತಿ ಚೆಲ್ಲಿದೆ, ಮೂರು ದಿನ ಹೊಟ್ಟಿ ಉರೀತು. ಸಾಮಾನ್ಯಾಗಿ ಬೇಯಿಸಿದ್ದನ್ನ ಎರಡು ತಾಸಿನ್ಯಾಗ ಫ್ರಿಜ್ಜಿಗ ಸೇರಿಸಬೇಕು, 32 ಡಿಗ್ರಿ ಮ್ಯಾಲ ಬಿಸಿಲಿದ್ರ ಒಂದೇ ತಾಸು. ನಮ್ಮ ಬ್ಯಾಸಗಿ 40 ದಾಟೋದು ನಿಮಗ ಗೊತ್ತೇ ಅದ. ದೊಡ್ಡ ಡಬರಿ ನಡುವ ಲಗೂ ಆರಂಗಿಲ್ಲ, ಅದಕ್ಕ ಎರಡು-ಮೂರು ಸಣ್ಣ ಭಾಂಡ್ಯಾಕ್ಕ ಹಾಕಿ, ಅಗಲ ಬುಟ್ಟ್ಯಾಗ ತಣ್ಣೀರು ಇಟ್ಟು ಅದರಾಗ ಕೂಡಸ್ರಿ. ಅರ್ಧ ತಾಸಿನ್ಯಾಗ ಕೈಗ ಹತ್ತೋವಷ್ಟು ಆರ್ತದ. ಫ್ರಿಜ್ಜಿನಾಗ ಮೂರು ದಿನ ಇರ್ತದ, ತಗದಾಗ ಒಮ್ಮಿ ಕೊತಕೊತ ಕುದಿಸಿಯೇ ತಿನ್ನಬೇಕು.

ಮರುದಿನ ನುಚ್ಚು ನೀರು ಎಳಕೊಂಡು ಪೂರ್ತಿ ಗಟ್ಟಿ ಆಗಿರ್ತದ. ನೀರು ಹಾಕಿ ಸಡಿಲ ಮಾಡ್ರಿ, ಇಲ್ಲಾ ನಮ್ಮ ಹುಡುಗರಂಗ ಮಾಡ್ರಿ. ಹಂಚಿನ ಮ್ಯಾಲ ಹಾಕಿ ಇನ್ನೂ ಗಟ್ಟಿ ಮಾಡಿ, ಕಟಿ ರೊಟ್ಟಿ ಮ್ಯಾಲ ಸವರಿ, ಹಸಿ ಉಳ್ಳಾಗಡ್ಡಿ ಹಾಕ್ಕೊಂಡು ನಾಷ್ಟಾ. ಆಗ ಒಂದು ಚೂರೂ ಖೀಮಾ ಹುಡುಕಬೇಕಾಗಂಗಿಲ್ಲ, ಪ್ರತಿ ತುತ್ತಿಗೂ ಸಿಗ್ತದ.