ನೀರಿಗೆ ಅವಸರ ಬೇಡ

ರೈತ ಬಾಂಧವರೇ, ನಮಸ್ಕಾರ. ನೀರು ಉಳಿಸುವ ಬಗ್ಗೆ ಮಾತಾಡಿ ಎಂದು ರೇಡಿಯೋದವರು ಕರೆದಿದ್ದಾರೆ. ನಾನು ಹತ್ತು ವಿಷಯ ಹೇಳುವುದಿಲ್ಲ, ಒಂದೇ ಹೇಳುತ್ತೇನೆ. ಓಡುವ ನೀರನ್ನು ನಿಧಾನ ಮಾಡಿ. ಅಷ್ಟೇ.

ಇದನ್ನು ಮಾಡಿ ತೋರಿಸಿದವರು ಲಡಾಖಿನ ಒಬ್ಬ ಸರ್ಕಾರಿ ಎಂಜಿನಿಯರ್, ಚೆವಾಂಗ್ ನೊರ್ಫೆಲ್. 1935ರಲ್ಲಿ ಹುಟ್ಟಿದವರು. ಗ್ರಾಮೀಣಾಭಿವೃದ್ಧಿ ಇಲಾಖೆಯಲ್ಲಿ ರಸ್ತೆ, ಸೇತುವೆ, ಕಾಲುವೆ ಅಂತ ಹಳ್ಳಿ ಹಳ್ಳಿ ತಿರುಗಿದವರು.

ಸುತ್ತ ಹಿಮ ಇರುವಾಗ ಲಡಾಖಿನವರಿಗೆ ನೀರಿಗೇನು ಬರ ಅಂತೀರಾ? ಅಲ್ಲಿನ ಮುಖ್ಯ ಪಟ್ಟಣ ಲೇಹ್‌ನಲ್ಲಿ ಇಡೀ ವರ್ಷಕ್ಕೆ ಮಳೆ, ಹಿಮ ಸೇರಿ ಬೀಳುವುದು ಸುಮಾರು 100 ಮಿಲಿಮೀಟರ್. ನಮ್ಮ ಆಗುಂಬೆಯಲ್ಲಿ ಜೋರು ಮಳೆ ಹಿಡಿದರೆ ಒಂದೇ ದಿನಕ್ಕೆ ಅಷ್ಟು ಸುರಿಯುತ್ತದೆ! ಅವರು ಬಾರ್ಲಿ ಬಿತ್ತಬೇಕಾದ್ದು ಏಪ್ರಿಲ್, ಮೇ ತಿಂಗಳಲ್ಲಿ. ಎತ್ತರದ ಹಿಮನದಿ ಕರಗಿ ನೀರು ಇಳಿಯುವುದು ಜೂನ್ ಹೊತ್ತಿಗೆ. ತಡವಾಗಿ ಬಿತ್ತಿದರೆ ಕಾಳು ಬಲಿಯುವ ಮೊದಲೇ ಚಳಿ ಬಂದುಬಿಡುತ್ತದೆ. ಇತ್ತ ಚಳಿಗಾಲದಲ್ಲಿ ಹಳ್ಳದ ನೀರು ಯಾರಿಗೂ ಬೇಡದೆ ಸುಮ್ನೆ ಹರಿದು ಹೋಗುತ್ತದೆ.

ಈಗ ನನಗೆ ತುಂಬಾ ಇಷ್ಟವಾದ ಕಥೆ. ಲಡಾಖಿನಲ್ಲಿ ಚಳಿಗಾಲದಲ್ಲಿ ನಲ್ಲಿಯನ್ನು ಪೂರ್ತಿ ನಿಲ್ಲಿಸುವುದಿಲ್ಲ. ನಿಲ್ಲಿಸಿದರೆ ಪೈಪಿನೊಳಗೇ ನೀರು ಹೆಪ್ಪುಗಟ್ಟಿ ಪೈಪು ಒಡೆಯುತ್ತದೆ. ಹಾಗೆ ಬಿಟ್ಟ ನಲ್ಲಿಯ ನೀರು ಹರಿಯುವುದನ್ನು ನೊರ್ಫೆಲ್ ಒಮ್ಮೆ ನೋಡುತ್ತಾ ನಿಂತರು. ಹಳ್ಳದಲ್ಲಿ ರಭಸವಾಗಿ ಓಡುವ ನೀರು ನೀರಾಗಿಯೇ ಇದೆ. ಅದೇ ನೀರು ಪಾಪ್ಲರ್ ಮರದ ನೆರಳಲ್ಲಿ ತೆಳ್ಳಗೆ ಹರಡಿ, ಮೆಲ್ಲಗೆ ಜಿನುಗುವ ಕಡೆ ಕಲ್ಲಿನ ಹಾಗೆ ಗಟ್ಟಿಯಾಗಿದೆ. ನೋಡಿ, ನಿಧಾನವಾದ ನೀರು ನಿಂತಿತು! ನಲ್ಲಿ ಬಿಟ್ಟಿದ್ದನ್ನು ಎಲ್ಲರೂ ನೋಡಿದ್ದರು, ಅಲ್ವಾ? ನಿಂತು ನೋಡಿದವರು ಇವರು.

1987ರಲ್ಲಿ ಫುಕ್‌ತ್ಸೆ ಎಂಬ ಹಳ್ಳಿಯಲ್ಲಿ ಕೆಲಸ ಹಿಡಿದರು. ಹಳ್ಳದ ನೀರನ್ನು ಬೆಟ್ಟದ ನೆರಳಿನ ಕಡೆಗೆ ತಿರುಗಿಸಿದರು. ಅಲ್ಲೇ ಸಿಗುವ ಕಲ್ಲಿನಿಂದ ಇಳಿಜಾರಿಗೆ ಅಡ್ಡಡ್ಡ ಒಡ್ಡು ಕಟ್ಟಿಸಿದರು. ನೀರು ಒಡ್ಡಿನಿಂದ ಒಡ್ಡಿಗೆ ತಡವರಿಸುತ್ತಾ ಇಳಿದು ಪದರ ಪದರವಾಗಿ ಹೆಪ್ಪುಗಟ್ಟಿತು. ಇದೇ ಕೃತಕ ಹಿಮನದಿ. ಊರಿಗೆ ಹತ್ತಿರ, ಎತ್ತರವೂ ಕಡಿಮೆ. ಹಾಗಾಗಿ ಬೇಗ ಕರಗಿ ಬಿತ್ತನೆ ಹೊತ್ತಿಗೆ ನೀರು ಕೊಡುತ್ತದೆ. ಪಂಪೂ ಬೇಡ, ಕರೆಂಟೂ ಬೇಡ.

ಲಡಾಖಿನ ಹಿರಿಯರಿಗೆ ಇದರ ಅರ್ಧ ಮೊದಲೇ ಗೊತ್ತಿತ್ತು. ಕರಗಿದ ನೀರನ್ನು ಜಿಂಗ್ ಎಂಬ ಪುಟ್ಟ ಕೊಳದಲ್ಲಿ ಹಿಡಿದಿಡುತ್ತಿದ್ದರು. ಅದನ್ನು ಸರದಿ ಪ್ರಕಾರ ಹೊಲಕ್ಕೆ ಬಿಡಲು ಚುರ್ಪೊನ್ ಎಂಬ ನೀರು ಹಂಚುವವನು ಇರುತ್ತಿದ್ದ. ನಮ್ಮ ಕೆರೆಗಳಿಗೆ ನೀರಗಂಟಿ ಇದ್ದ ಹಾಗೆ. ನೀರಗಂಟಿಯನ್ನು ನಾವು ಮರೆತೇಬಿಟ್ಟೆವು, ಅದು ಬೇರೆ ಮಾತು.

ನೊರ್ಫೆಲ್ ಅವರಿಗೆ 2015ರಲ್ಲಿ ಪದ್ಮಶ್ರೀ ಬಂತು. ಲಡಾಖಿನವರೇ ಆದ ಸೋನಮ್ ವಾಂಗ್ಚುಕ್ ಅವರು ನೀರನ್ನು ಸ್ತೂಪದ ಆಕಾರದಲ್ಲಿ ಹೆಪ್ಪುಗಟ್ಟಿಸುವ ಹಿಮಸ್ತೂಪದ ಬಗ್ಗೆಯೂ ಹೇಳಬೇಕಿತ್ತು. ಸಮಯ ಆಯಿತು ಎಂದು ಗಾಜಿನಾಚೆ ಕೈ ಮಾಡುತ್ತಿದ್ದಾರೆ.

ನಮ್ಮಲ್ಲಿ ನೀರು ಹೆಪ್ಪುಗಟ್ಟುವುದಿಲ್ಲ, ಇಂಗುತ್ತದೆ. ಅದಕ್ಕೂ ಅದು ನಿಧಾನವಾಗಲೇಬೇಕು. ಒಡೆದ ಬದು ಇದ್ದರೆ ಮುಂಗಾರಿಗೆ ಮುಂಚೆ ಕಟ್ಟಿ. ಇಳಿಜಾರಿಗೆ ಅಡ್ಡಲಾಗಿ ಉಳುಮೆ ಮಾಡಿ. ಬೋರ್‌ವೆಲ್ ವಿಷಯ ಇನ್ನೊಮ್ಮೆ ಕರೆದರೆ ಹೇಳುತ್ತೇನೆ. ನಮಸ್ಕಾರ.