ಗೊಂಬೆ ಯಾರದ್ದು?

ಕೇಳುಗರಿಗೆಲ್ಲ ನಮಸ್ಕಾರ. ಮಳೆ ಹಿಡಿದಿದೆ. ಡಿಶ್ ಕೈಕೊಟ್ಟಿದೆ. ಕಾರ್ಟೂನ್ ಬರ್ತಿಲ್ಲ ಅಂತ ಮಕ್ಕಳು ಮನೆಯಲ್ಲಿ ರಂಪ ಎಬ್ಬಿಸಿರುತ್ತಾರೆ. ಬೇರೆ ದಾರಿ ಕಾಣದೆ ರೇಡಿಯೊ ಹಾಕಿದವರು ನೀವು ಅಂದುಕೊಂಡೇ ಮಾತಾಡ್ತೇನೆ. ಇವತ್ತಿನ ವಿಷಯ, ಮಕ್ಕಳ ಟಿವಿ ಕಾರ್ಯಕ್ರಮ ತಯಾರಿಸುವ ಕಂಪನಿಗಳ ವ್ಯವಹಾರ. ನಾನು ವಾಣಿಜ್ಯಶಾಸ್ತ್ರ ಪಾಠ ಮಾಡುವವನು. ಕಾರ್ಟೂನ್ ನೋಡಿದರೆ ಮಕ್ಕಳು ಹಾಳಾಗ್ತಾರಾ ಸಾರ್ ಅಂತ ದಯವಿಟ್ಟು ನನ್ನನ್ನು ಕೇಳಬೇಡಿ. ಎಲ್ಲಿ ಹೋದರೂ ಇದೇ ಪ್ರಶ್ನೆ, ಸಾಕಾಗಿದೆ. ನಾನು ಕೇಳುವುದು ಒಂದೇ. ಆ ಗೊಂಬೆ, ಅಂದರೆ ಕಾರ್ಯಕ್ರಮದಲ್ಲಿ ಬರುವ ಪಾತ್ರ, ಯಾರದ್ದು?

ಶುಕ್ರವಾರ ಮಡಿಕೇರಿ ಸಂತೆಯಲ್ಲಿ ಹಗ್ಗಕ್ಕೆ ಸಾಲಾಗಿ ನೇತುಹಾಕಿರುವ ಸ್ಕೂಲ್ ಬ್ಯಾಗುಗಳನ್ನು ನೋಡಿ. ಛೋಟಾ ಭೀಮ್ ಇರುತ್ತಾನೆ. ಆದರೆ ಅವನ ಕೇಸರಿ ಧೋತಿ ನೀಲಿಯಾಗಿರುತ್ತದೆ, ಕಣ್ಣು ಸ್ವಲ್ಪ ವಾರೆಯಾಗಿರುತ್ತದೆ. ಒಳಗಡೆ ಹೊಲಿಗೆಯ ಹತ್ತಿರ ಕೈಹಾಕಿ ಹುಡುಕಿದರೂ ಯಾವ ಕಂಪನಿಯ ಚೀಟಿಯೂ ಸಿಗುವುದಿಲ್ಲ. ಹೊಲಿದವನಿಗೆ ದುಡ್ಡು ಬಂತು, ಮಾರಿದವನಿಗೂ ಬಂತು. ಭೀಮನನ್ನು ಹುಟ್ಟಿಸಿದವರಿಗೆ ಬಿಡಿಗಾಸಿಲ್ಲ. ಅಸಲಿ ಬ್ಯಾಗಾದರೆ ಒಂದೊಂದಕ್ಕೂ ಅವರಿಗೆ ರಾಯಧನ, ಅಂದರೆ ಪಾತ್ರ ಬಳಸಿದ್ದಕ್ಕೆ ಕೊಡುವ ಪಾಲು, ಸಲ್ಲಬೇಕು.

ಕಾಫಿ ಬೆಳೆಗಾರರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಚೆರಿ, ಅಂದರೆ ಗಿಡದಿಂದ ಕಿತ್ತ ಹಣ್ಣನ್ನು, ಹಾಗೇ ಮಾರಿದವನಿಗೆ ಒಂದು ದರ. ಸಿಪ್ಪೆ ತೆಗೆದು ಒಣಗಿಸಿ ಪಾರ್ಚ್‌ಮೆಂಟ್ ಮಾಡಿ, ಅದರಿಂದ ಎಷ್ಟು ಬೀಜ ಇಳಿಯುತ್ತದೆ ಎಂಬ ಔಟ್‌ಟರ್ನ್ ಬಗ್ಗೆ ವ್ಯಾಪಾರಿಯ ಹತ್ತಿರ ಜಗಳ ಆಡಿ ಮಾರಿದವನಿಗೆ ಇನ್ನೊಂದು ದರ. ಹುರಿದು, ಪುಡಿ ಮಾಡಿ, ಪ್ಯಾಕೆಟ್ ಮೇಲೆ ತನ್ನ ಹೆಸರು ಹಾಕಿ ಮಾರಿದವನ ಲೆಕ್ಕವೇ ಬೇರೆ. ಟಿವಿ ಕಾರ್ಯಕ್ರಮ ಅನ್ನೋದು ಚೆರಿ. ಗೊಂಬೆಯ ಹಕ್ಕು ಅನ್ನೋದು ಪ್ಯಾಕೆಟ್ ಮೇಲಿನ ಹೆಸರು.

ಇದಕ್ಕೆ ನಾನು ಯಾವಾಗಲೂ ಹೇಳುವ ಕಥೆ ಒಂದಿದೆ. ನನ್ನ ವಿದ್ಯಾರ್ಥಿಗಳಿಗೆ ಕೇಳಿ ಕೇಳಿ ಬಾಯಿಪಾಠ ಆಗಿದೆ. ನೀವೂ ಕೇಳಿ.

1966ನೇ ಇಸವಿ. ನ್ಯೂಯಾರ್ಕಿನಲ್ಲಿ ಜೋನ್ ಗ್ಯಾಂಜ್ ಕೂನಿ ಎಂಬ ಟಿವಿ ನಿರ್ಮಾಪಕಿಯ ಮನೆಯಲ್ಲಿ ರಾತ್ರಿ ಊಟ. ಅತಿಥಿಗಳಲ್ಲಿ ಲಾಯ್ಡ್ ಮಾರಿಸೆಟ್ ಅಂತ ಒಬ್ಬರು ಮನಶ್ಶಾಸ್ತ್ರಜ್ಞರಿದ್ದರು, ಕಾರ್ನೆಗೀ ಎಂಬ ದತ್ತಿ ಸಂಸ್ಥೆಯಲ್ಲಿ ದೊಡ್ಡ ಹುದ್ದೆಯಲ್ಲಿದ್ದವರು. ಅವರ ಮೂರು ವರ್ಷದ ಮಗಳು ರಜೆಯ ದಿನ ನಸುಕಿಗೇ ಎದ್ದು ಟಿವಿ ಮುಂದೆ ಕೂರುತ್ತಿದ್ದಳಂತೆ. ಪ್ರಸಾರ ಇನ್ನೂ ಶುರುವಾಗಿರುತ್ತಿರಲಿಲ್ಲ. ಪರದೆ ಮೇಲೆ ಬರೀ ಪಟ್ಟೆ, ವೃತ್ತಗಳ ಗುರುತು. ಅದನ್ನೇ ನೋಡುತ್ತಾ ಕೂತಿರುತ್ತಿದ್ದಳು. ನಮ್ಮಲ್ಲೂ ಹಳಬರಿಗೆ ನೆನಪಿರಬಹುದು, ಮಾಡು ಹತ್ತಿ ಆಂಟೆನಾ ತಿರುಗಿಸಿ, ‘ಬಂತಾ? ಬಂತಾ?’ ಅಂತ ಕೂಗಿ, ಕೊನೆಗೆ ದೂರದರ್ಶನದ ಬಣ್ಣದ ಪಟ್ಟೆ ಕಂಡರೂ ಖುಷಿಪಡುತ್ತಿದ್ದ ಕಾಲ. ಅಷ್ಟು ಸೆಳೆಯುವ ಈ ಪೆಟ್ಟಿಗೆಯಿಂದ ಚಿಕ್ಕ ಮಕ್ಕಳಿಗೆ ಅಕ್ಷರ, ಅಂಕಿ ಕಲಿಸಬಹುದೇ ಅಂತ ಮಾರಿಸೆಟ್ ಕೇಳಿದರು.

ಕೂನಿಯವರು ಊಟದ ಮಾತನ್ನು ಊಟಕ್ಕೇ ಬಿಡಲಿಲ್ಲ. ಕಾರ್ನೆಗೀ ದುಡ್ಡಿನಲ್ಲಿ ಅಧ್ಯಯನ ಮಾಡಿ ವರದಿ ಬರೆದರು. 1968ರಲ್ಲಿ ಚಿಲ್ಡ್ರನ್ಸ್ ಟೆಲಿವಿಷನ್ ವರ್ಕ್‌ಶಾಪ್ ಹುಟ್ಟಿತು. ಬಂಡವಾಳ ಸುಮಾರು 80 ಲಕ್ಷ ಡಾಲರ್. ಅರ್ಧದಷ್ಟು ಅಮೆರಿಕದ ಸರ್ಕಾರದ್ದು, ಉಳಿದದ್ದರಲ್ಲಿ ಹೆಚ್ಚಿನದು ಕಾರ್ನೆಗೀ, ಫೋರ್ಡ್ ಸಂಸ್ಥೆಗಳದ್ದು. ಲಾಭಕ್ಕಾಗಿ ಹುಟ್ಟಿದ ಕಂಪನಿ ಅಲ್ಲ ಇದು. 1969ರ ನವೆಂಬರ್ 10ರಂದು ಅವರ ‘ಸೆಸಮಿ ಸ್ಟ್ರೀಟ್’ ಶುರುವಾಯಿತು.

ಇಲ್ಲಿ ಸ್ವಲ್ಪ ಕಿವಿಗೊಡಿ. ಕಾರ್ಯಕ್ರಮಕ್ಕೆ ಗೊಂಬೆ ಬೇಕಿತ್ತು. ಜಿಮ್ ಹೆನ್ಸನ್ ಎಂಬ ಗೊಂಬೆಯಾಟದವರನ್ನು ಕರೆತಂದರು. ಅವರು ಆಗಲೇ ಜಾಹೀರಾತುಗಳಲ್ಲಿ ಹೆಸರು ಮಾಡಿದ್ದವರು. ಹೆನ್ಸನ್ ಏನು ಮಾಡಿದರು ಗೊತ್ತೇ? ಗೊಂಬೆ ಆಡಿಸುವ ಸಂಭಾವನೆ ಬಿಟ್ಟುಕೊಟ್ಟರು. ಬದಲಿಗೆ ಗೊಂಬೆಗಳ ಪೂರ್ತಿ ಒಡೆತನ ತಮ್ಮಲ್ಲೇ ಇಟ್ಟುಕೊಂಡರು. ಗೊಂಬೆಗಳಿಂದ ಮುಂದೆ ಏನಾದರೂ ಆದಾಯ ಬಂದರೆ ಇಬ್ಬರೂ ಹಂಚಿಕೊಳ್ಳುವುದು ಅಂತ ಕರಾರು. ಆಗ ಇನ್ನೂ ಆ ಕಾರ್ಯಕ್ರಮದ ದೊಡ್ಡ ಹಳದಿ ಹಕ್ಕಿ ಬಿಗ್ ಬರ್ಡ್ ಯಾರಂತ ಯಾರಿಗೂ ಗೊತ್ತಿರಲಿಲ್ಲ! ನನಗೆ ಇಡೀ ಕಥೆಯಲ್ಲಿ ಅತ್ಯಂತ ಇಷ್ಟದ ಘಳಿಗೆ ಇದು. ಕೈಗೆ ಬರುವ ಕೂಲಿ ಬಿಟ್ಟು, ಹಕ್ಕು ಹಿಡಿದ ಮನುಷ್ಯ.

ಮೊದಮೊದಲು ವರ್ಕ್‌ಶಾಪಿನವರಿಗೆ ಆಟಿಕೆ ಮಾರುವುದೆಂದರೆ ಮುಜುಗರ. ಮಕ್ಕಳಿಗೆ ಪಾಠ ಹೇಳುವವರು ವ್ಯಾಪಾರಕ್ಕೆ ಇಳಿಯುವುದೇ ಅಂತ. ಆ ಮಡಿವಂತಿಕೆ ಬಿಡಿಸಿದ್ದು ಸರ್ಕಾರವೇ. 1978ರಲ್ಲಿ 20 ಲಕ್ಷ ಡಾಲರಿನ ಒಂದು ಚೆಕ್ ಸರ್ಕಾರದಿಂದ ಬರಬೇಕಿತ್ತು. ಇವತ್ತು, ನಾಳೆ ಅಂತ ಎಳೆದು ಎಳೆದು ಸಂಸ್ಥೆಯ ಹಣಕಾಸು ವರ್ಷದ ಕೊನೇ ದಿನ ಕೈಗೆ ಕೊಟ್ಟರು. ನಮ್ಮಲ್ಲಿ ಮಾರ್ಚ್ 31ರ ಸಂಜೆ ಖಜಾನೆ ಮುಂದೆ ನಿಂತವರಿಗೆ ಆ ಸಂಕಟ ಅರ್ಥವಾಗುತ್ತದೆ. ಇನ್ನು ಇವರನ್ನು ನಂಬಿ ಕೂತರೆ ಆಗುವುದಿಲ್ಲ ಅಂತ ಆಟಿಕೆ, ಪುಸ್ತಕ, ಹೊರದೇಶದ ಮಾರಾಟ, ಮೂರನ್ನೂ ಜೋರಾಗಿ ಹಿಡಿದರು. 1981ರ ಹೊತ್ತಿಗೆ ಸರ್ಕಾರದ ದುಡ್ಡು ನಿಂತೇಹೋಯಿತು. ಕಾರ್ಯಕ್ರಮ ನಿಲ್ಲಲಿಲ್ಲ. ಏಕೆ? ಗೊಂಬೆ ದುಡಿಯುತ್ತಿತ್ತು. 1996ರ ಕ್ರಿಸ್ಮಸ್ ಸಮಯದಲ್ಲಿ ಹೊಟ್ಟೆ ಒತ್ತಿದರೆ ನಗುವ, ಸೆಸಮಿ ಸ್ಟ್ರೀಟಿನ ಎಲ್ಮೋ ಗೊಂಬೆಗಾಗಿ ಅಮೆರಿಕದ ಅಂಗಡಿಗಳಲ್ಲಿ ದೊಡ್ಡವರೇ ಕೈಕೈ ಮಿಲಾಯಿಸಿದರು.

ಆದರೆ ಗೊಂಬೆ ಯಾರದ್ದು? ವರ್ಕ್‌ಶಾಪಿನದ್ದಲ್ಲ, ಮರೆಯಬೇಡಿ.

1990ರಲ್ಲಿ ಹೆನ್ಸನ್ ತೀರಿಕೊಂಡರು, ವಯಸ್ಸು ಬರೀ 53. ಹತ್ತು ವರ್ಷದ ನಂತರ, 2000ದಲ್ಲಿ, ಅವರ ಮಕ್ಕಳು ಕಂಪನಿಯನ್ನು ಇ.ಎಂ. ಟಿವಿ ಎಂಬ ಜರ್ಮನಿಯ ಕಂಪನಿಗೆ ಮಾರಿದರು. 68 ಕೋಟಿ ಡಾಲರ್! ಸೆಸಮಿ ಸ್ಟ್ರೀಟಿನ ಗೊಂಬೆಗಳೂ ಆ ಗಂಟಿನ ಜೊತೆಗೇ ಜರ್ಮನಿಗೆ ಹೋದವು. ಯೋಚನೆ ಮಾಡಿ, ಮೂವತ್ತು ವರ್ಷ ಈ ಗೊಂಬೆಗಳಿಗೆ ಮಾತು ಬರೆದುಕೊಟ್ಟು ಮನೆಮನೆಗೆ ತಲುಪಿಸಿದ ಸಂಸ್ಥೆಗೆ ಈಗ ಹೊಸ ಧಣಿ. ಅದೃಷ್ಟಕ್ಕೆ ಆ ಜರ್ಮನ್ ಕಂಪನಿ ಕೈಮೀರಿ ಖರೀದಿ ಮಾಡಿ, ಅದೇ ವರ್ಷ ಅದರ ಷೇರು ನೆಲಕಚ್ಚಿತು. ದುಡ್ಡಿಗೆ ಪರದಾಡುವಾಗ ವರ್ಕ್‌ಶಾಪಿನವರು ಹೋಗಿ, 18 ಕೋಟಿ ಡಾಲರ್ ಲೆಕ್ಕದ ವ್ಯವಹಾರದಲ್ಲಿ ಆ ಗೊಂಬೆಗಳನ್ನು ತಮ್ಮದಾಗಿಸಿಕೊಂಡರು. ಸಂಸ್ಥೆ ಕಟ್ಟಲು ಹಾಕಿದ್ದು 80 ಲಕ್ಷ, ತಮ್ಮದೇ ಕಾರ್ಯಕ್ರಮದ ಗೊಂಬೆ ಬಿಡಿಸಿಕೊಳ್ಳಲು 18 ಕೋಟಿ. ಹೆನ್ಸನ್ ಮಕ್ಕಳೂ ಸುಮ್ಮನೆ ಕೂರಲಿಲ್ಲ. 2003ರಲ್ಲಿ ಉಳಿದ ಕಂಪನಿಯನ್ನು ಅದೇ ಜರ್ಮನರಿಂದ 8 ಕೋಟಿ 40 ಲಕ್ಷಕ್ಕೆ ವಾಪಸ್ ತಗೊಂಡರು. 68 ಕೋಟಿಗೆ ಮಾರಿದ್ದು!

ಗಾಜಿನ ಆಚೆಯಿಂದ ಬೆರಳು ತೋರಿಸುತ್ತಿದ್ದಾರೆ, ಸಮಯ ಕಡಿಮೆ ಅಂತ. ಇಂಗ್ಲೆಂಡಿನ ಹಿಟ್ ಎಂಟರ್‌ಟೈನ್‌ಮೆಂಟ್ ಬಗ್ಗೆ ವಿವರವಾಗಿ ಹೇಳಬೇಕೆಂದು ಬರೆದುಕೊಂಡು ಬಂದಿದ್ದೆ, ಹೋಗಲಿ. ಎರಡೇ ಮಾತು. ಬೇರೆಯವರ ಕಾರ್ಯಕ್ರಮ ಮಾರುವ ಕಂಪನಿಯಾಗಿ 1989ರಲ್ಲಿ ಶುರು. ಆಮೇಲೆ ಸ್ವಂತದ ಬಾಬ್ ದಿ ಬಿಲ್ಡರ್ ಬಂದ. ರೈಲು ಎಂಜಿನ್ ಥಾಮಸ್‌ನನ್ನು ಕೊಂಡುಕೊಂಡರು. 2012ರಲ್ಲಿ ಇಡೀ ಕಂಪನಿಯನ್ನು ಕೊಂಡದ್ದು ಯಾರು? ಟಿವಿಯವರಲ್ಲ. ಬಾರ್ಬಿ ಗೊಂಬೆ ಮಾಡುವ ಮ್ಯಾಟೆಲ್. ಪೆಪ್ಪಾ ಪಿಗ್ ಹಂದಿಮರಿಯ ಕಥೆಯೂ ಅದೇ. ಹ್ಯಾಸ್‌ಬ್ರೊ ಎಂಬ ಆಟಿಕೆ ಕಂಪನಿ 2019ರಲ್ಲಿ ಅದರ ಒಡೆಯ ಕಂಪನಿಯನ್ನೇ ಕೊಂಡಿತು. ನಾಲ್ಕು ವರ್ಷದ ನಂತರ ಆ ಕಂಪನಿಯ ಸಿನಿಮಾ, ಟಿವಿ ತಯಾರಿಕೆಯ ಭಾಗವನ್ನು ಬೇರೆಯವರಿಗೆ ಮಾರಿ, ಹಂದಿಮರಿಯನ್ನು ಮಾತ್ರ ಬಿಗಿಯಾಗಿ ಹಿಡಿದುಕೊಂಡಿತು. ನಮ್ಮ ಛೋಟಾ ಭೀಮ್ 2008ರಿಂದ ಬಂದದ್ದು ಪೋಗೋ ಚಾನೆಲ್ಲಿನಲ್ಲಿ. ಆದರೆ ಭೀಮ ಚಾನೆಲ್ಲಿನವನಲ್ಲ, ಹೈದರಾಬಾದಿನ ಗ್ರೀನ್ ಗೋಲ್ಡ್ ಕಂಪನಿಯವನು.

ಇನ್ನು ಒಂದು ನಿಮಿಷ. ನನ್ನ ಹಳೆಯ ವಿದ್ಯಾರ್ಥಿನಿ ಒಬ್ಬಳು ಕುಶಾಲನಗರದಲ್ಲಿದ್ದಾಳೆ. ದುಬಾರೆಯಲ್ಲಿ ಕಂಡ ಆನೆಮರಿಯನ್ನು ಕಾಲೇಜಿನ ದಿನಗಳಿಂದಲೇ ನೋಟ್‌ಬುಕ್ಕಿನ ಹಿಂದಿನ ಹಾಳೆಯಲ್ಲಿ ಬರೆಯುತ್ತಿದ್ದಳು. ಒಂದು ಕಿವಿ ಮಡಚಿದ, ಚಡ್ಡಿ ಹಾಕಿದ ಮರಿ. ಈಗ ಮಕ್ಕಳ ಹಾಡಿನ ವಿಡಿಯೊ ಮಾಡುವ ಕಂಪನಿಯೊಂದು ಅದನ್ನು ಕೇಳಿದೆ. ಕರಾರು ಒಂದೇ ಹಾಳೆ. ‘ಎಲ್ಲ ಹಕ್ಕುಗಳನ್ನೂ ವರ್ಗಾಯಿಸಿದ್ದೇನೆ’ ಅಂತ ಒಂದು ಸಾಲು, ಕೆಳಗೆ ಒಂದು ಮೊತ್ತ. ಸಾರ್, ದುಡ್ಡು ಪರವಾಗಿಲ್ಲ ಅಲ್ವಾ ಅಂತ ಫೋನ್ ಮಾಡಿದಳು. ದುಡ್ಡು ಆಮೇಲೆ, ಆನೆಮರಿ ಯಾರದ್ದು ಅಂದೆ.

ನಮ್ಮ 1957ರ ಕೃತಿಸ್ವಾಮ್ಯ, ಅಂದರೆ ಕಾಪಿರೈಟ್, ಕಾಯ್ದೆ ಇಲ್ಲಿ ಬಹಳ ಚೆನ್ನಾಗಿದೆ. ಹಕ್ಕಿನ ವರ್ಗಾವಣೆ ಬರವಣಿಗೆಯಲ್ಲಿ, ಸಹಿಯೊಂದಿಗೆ ಇರಲೇಬೇಕು. ಎಷ್ಟು ಕಾಲಕ್ಕೆ ಅಂತ ಬರೆದಿಲ್ಲವೇ? ಐದೇ ವರ್ಷ. ಯಾವ ಪ್ರದೇಶಕ್ಕೆ ಅಂತ ಬರೆದಿಲ್ಲವೇ? ಭಾರತಕ್ಕೆ ಮಾತ್ರ. ಸಂಬಳಕ್ಕಿದ್ದು ಬರೆದ ಚಿತ್ರವಾದರೆ, ಬೇರೆ ಒಪ್ಪಂದ ಇಲ್ಲದಿದ್ದಲ್ಲಿ, ಅದು ಧಣಿಯದ್ದು. ಇವಳದ್ದು ಹಾಗಲ್ಲ, ಮೊದಲೇ ಬರೆದದ್ದು. ಹಾಗಾಗಿ ವಿಡಿಯೊ ಹಕ್ಕು ಇಷ್ಟು ವರ್ಷಕ್ಕೆ ಅಂತ ನಮೂದಿಸು, ಪುಸ್ತಕ, ಬ್ಯಾಗು, ಆಟಿಕೆ ಇದರಲ್ಲಿ ಸೇರಿಲ್ಲ ಅಂತ ಇನ್ನೊಂದು ಸಾಲು ಬರೆದು ಹಾಳೆ ವಾಪಸ್ ಕಳಿಸು ಅಂದಿದ್ದೇನೆ. ಕಳಿಸಿದ್ದಾಳೆ. ಆ ಕಡೆಯಿಂದ ಇನ್ನೂ ಉತ್ತರ ಬಂದಿಲ್ಲ. ನಮಸ್ಕಾರ.