ಉಚಿತ ವಕೀಲರಿಗೆ ಬಿಪಿಎಲ್ ಕಾರ್ಡ್ ಬೇಕು ಅಂತ ಯಾರು ಹೇಳಿದ್ದು?

ಎಲ್ಲರಿಗೂ ನಮಸ್ಕಾರ. ಇವತ್ತು ಬಾಡಿಗೆ ಕರಾರಿನ ಬಗ್ಗೆ ಮಾತಾಡಬೇಕು ಅಂತ ಬರೆದುಕೊಂಡಿದ್ದೆ. ಅದನ್ನು ಪಕ್ಕಕ್ಕಿಟ್ಟಿದ್ದೇನೆ. ಕಾರಣ ಒಂದು ಕಾಮೆಂಟ್.

ಹೋದ ಸಂಚಿಕೆಯಲ್ಲಿ ಜೀವನಾಂಶದ ವಿಷಯ ಹೇಳಿದ್ದೆ. ನೋಡಿಲ್ಲದವರಿಗೆ ಲಿಂಕ್ ಕೆಳಗಿದೆ. ಅದರ ಕೊನೆಯಲ್ಲಿ ಒಂದು ಮಾತು ಸೇರಿಸಿದ್ದೆ. ವಕೀಲರಿಗೆ ಕೊಡಲು ದುಡ್ಡಿಲ್ಲ ಅಂತ ಕೈಕಟ್ಟಿ ಕೂರಬೇಡಿ, ಕೋರ್ಟಿನ ಆವರಣದಲ್ಲೇ ತಾಲ್ಲೂಕು ಕಾನೂನು ಸೇವಾ ಸಮಿತಿ ಇರುತ್ತದೆ, ಅಲ್ಲಿ ಉಚಿತವಾಗಿ ವಕೀಲರನ್ನು ಕೊಡುತ್ತಾರೆ ಅಂತ. ಅದಕ್ಕೆ ಒಬ್ಬರು ಬರೆದಿದ್ದಾರೆ. ಓದುತ್ತೇನೆ ಕೇಳಿ. "ಮೇಡಂ, ಅದೆಲ್ಲ ಬಿಪಿಎಲ್ ಕಾರ್ಡ್ ಇದ್ದವರಿಗೆ ಮಾತ್ರ. ಇನ್‌ಕಮ್ ಸರ್ಟಿಫಿಕೇಟ್ ಇಲ್ಲದೆ ಮಾತೇ ಆಡಿಸಲ್ಲ. ಸುಮ್ನೆ ಹೆಂಗಸರಿಗೆ ಆಸೆ ಹುಟ್ಟಿಸಬೇಡಿ."

ಇದಾದರೂ ಹೋಗಲಿ. ಅದರ ಕೆಳಗೆ ಒಬ್ಬ ಹೆಣ್ಣುಮಗಳು ಕೇಳಿದ್ದಾರೆ. "ಹೌದಾ ಸರ್? ನಮ್ಮದು ಎಪಿಎಲ್. ಹಾಗಾದ್ರೆ ನನಗೆ ಸಿಗಲ್ವಾ?" ಅದಕ್ಕೆ ಅವರ ಉತ್ತರ, "ಸಿಗಲ್ಲ."

ಸಿಗಲ್ಲ! ಒಂದೇ ಮಾತು. ಆ ಹೆಣ್ಣುಮಗಳು ಆಮೇಲೆ ಏನನ್ನೂ ಬರೆದಿಲ್ಲ. ರಾತ್ರಿ ಹನ್ನೊಂದೂವರೆಗೆ ಆ ಪ್ರಶ್ನೆ ಕೇಳಿದ್ದಾರೆ. ಮನೆಯವರೆಲ್ಲ ಮಲಗಿದ ಮೇಲೆ ಫೋನ್ ಹಿಡಿದು ಕೇಳಿರಬೇಕು. ಕೇಳಿದವರಿಗೆ ಸಿಕ್ಕಿದ್ದು ತಪ್ಪು ಉತ್ತರ. ನನಗೆ ಎರಡು ದಿನ ಅದೇ ತಲೆಯಲ್ಲಿ ಕೊರೆಯುತ್ತಿತ್ತು.

ಸಿಗುತ್ತದೆ. ನೇರವಾಗಿ ಕ್ಯಾಮೆರಾ ನೋಡಿಯೇ ಹೇಳುತ್ತಿದ್ದೇನೆ. ನಿಮಗೆ ಸಿಗುತ್ತದೆ. ಹೆಣ್ಣುಮಕ್ಕಳಿಗೆ ಇಲ್ಲಿ ಆದಾಯದ ಲೆಕ್ಕವೇ ಇಲ್ಲ.

ಇದು ನಾನು ಕಟ್ಟಿದ ಮಾತಲ್ಲ. ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆ ಅಂತ ಒಂದಿದೆ. ಪಾರ್ಲಿಮೆಂಟ್ ಅದನ್ನು ಮಾಡಿದ್ದು 1987ರಲ್ಲಿ. ಜಾರಿಗೆ ಬಂದಿದ್ದು 1995ರ ನವೆಂಬರ್ 9ಕ್ಕೆ. ಅದರ 12ನೇ ಸೆಕ್ಷನ್ ತೆಗೆದು ನೋಡಿ. ಕೇಸು ಹಾಕುವವರಿಗೂ, ತಮ್ಮ ಮೇಲೆ ಕೇಸು ಬಿದ್ದವರಿಗೂ, ಇಂಥಿಂಥವರಾದರೆ ಉಚಿತ ಕಾನೂನು ಸೇವೆಯ ಹಕ್ಕಿದೆ ಅಂತ ಅಲ್ಲಿ ಬರೆದಿದೆ. ಹಕ್ಕು. ದಯೆ ಅಲ್ಲ, ದಾನ ಅಲ್ಲ.

ಯಾರಿಗೆಲ್ಲ? ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡದವರಿಗೆ. ಮಾನವ ಕಳ್ಳಸಾಗಣೆಗೆ, ಬಿಟ್ಟಿ ಚಾಕರಿಗೆ ಸಿಕ್ಕಿಕೊಂಡವರಿಗೆ. ಮಹಿಳೆಯರಿಗೆ, ಮಕ್ಕಳಿಗೆ. ಅಂಗವಿಕಲರಿಗೆ. ಪ್ರವಾಹ, ಬರ, ಭೂಕಂಪ, ಜಾತಿ ದೌರ್ಜನ್ಯ ಇಂಥದ್ದರಲ್ಲಿ ನೊಂದವರಿಗೆ. ಕೈಗಾರಿಕಾ ಕಾರ್ಮಿಕರಿಗೆ. ಕಸ್ಟಡಿಯಲ್ಲಿ ಇರುವವರಿಗೆ. ಇದೆಲ್ಲ ಆದ ಮೇಲೆ, ಕಟ್ಟಕಡೆಗೆ, ಆದಾಯ ಕಡಿಮೆ ಇರುವವರಿಗೆ.

ಆ ಕಟ್ಟಕಡೆಯ ಸಾಲಿನ ಹಿಂದೆ ಒಂದು ಸಣ್ಣ ಪದ ಇದೆ. "ಅಥವಾ." ಗಮನಿಸಿ, "ಮತ್ತು" ಅಲ್ಲ. ಅಂದರೆ ಆ ಪಟ್ಟಿಯಲ್ಲಿ ಯಾವುದಾದರೂ ಒಂದು ನಿಮಗೆ ಹೊಂದಿದರೆ ಸಾಕು. ಮಹಿಳೆ ಅನ್ನುವ ಕಡೆ "ಬಡ ಮಹಿಳೆ" ಅಂತ ಇಲ್ಲ. "ಬಿಪಿಎಲ್ ಮಹಿಳೆ" ಅಂತಲೂ ಇಲ್ಲ. ಮಹಿಳೆ ಅಥವಾ ಮಗು, ಅಷ್ಟೇ. ಹಾಗಿದ್ದ ಮೇಲೆ ಅವರಿಂದ ಕಾರ್ಡ್ ಯಾಕೆ ಕೇಳಬೇಕು?

ನಿಮಗೆ ನಮ್ಮ ಚಿಕ್ಕಮ್ಮನ ವಿಷಯ ಹೇಳುತ್ತೇನೆ. ಅವರನ್ನು ಕೇಳಿಯೇ ಹೇಳುತ್ತಿದ್ದೇನೆ. ಚಿಕ್ಕಪ್ಪ ಬೇರೆ ಊರಿನಲ್ಲಿ ಕೆಲಸಕ್ಕಿದ್ದರು. ಮೊದಲು ತಿಂಗಳು ತಿಂಗಳು ದುಡ್ಡು ಬರುತ್ತಿತ್ತು. ಆಮೇಲೆ ಎರಡು ತಿಂಗಳಿಗೊಮ್ಮೆ ಆಯಿತು. ಆಮೇಲೆ ನಿಂತೇ ಹೋಯಿತು. ಇಬ್ಬರು ಮಕ್ಕಳು. ಚಿಕ್ಕಮ್ಮ ಒಂದು ದಿನ ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಕವರ್ ಹಿಡಿದು ಕೋರ್ಟಿಗೆ ಹೋದರು. ಆ ಕವರ್ ನನಗೆ ಇನ್ನೂ ಕಣ್ಣಿಗೆ ಕಟ್ಟಿದ ಹಾಗಿದೆ. ಒಳಗೆ ಮೂಲೆಗೆ ಅರಿಶಿನ ಹಚ್ಚಿದ ಲಗ್ನಪತ್ರಿಕೆ, ಮದುವೆಯ ಎರಡು ಫೋಟೋ, ಬ್ಯಾಂಕ್ ಪಾಸ್‌ಬುಕ್, ರೇಷನ್ ಕಾರ್ಡಿನ ಜೆರಾಕ್ಸ್. ಜೆರಾಕ್ಸ್ ಮಡಚಿ ಮಡಚಿ ಮಧ್ಯೆ ಹರಿದಿತ್ತು.

ಅಲ್ಲಿ ಕೂತಿದ್ದವರು ಕವರ್ ಬಿಚ್ಚಿಯೂ ನೋಡಲಿಲ್ಲ. "ಇನ್‌ಕಮ್ ಸರ್ಟಿಫಿಕೇಟ್ ತಗೊಂಡು ಬಾಮ್ಮ" ಅಂದರು. ಸರಿ, ನಾಡಕಚೇರಿಗೆ ಹೋದರು. ಅಲ್ಲಿ ಕೊಡುವುದು ಕುಟುಂಬದ ಆದಾಯದ ಲೆಕ್ಕ. ಕಾರ್ಡಿನಲ್ಲಿ ಗಂಡನ ಹೆಸರಿದೆ. ಗಂಡನಿಗೆ ಸಂಬಳ ಇದೆ. ಸರ್ಟಿಫಿಕೇಟ್ ಬಂತು, ಆದಾಯ ಮಿತಿ ದಾಟಿತ್ತು. ಗಂಡ ದುಡ್ಡು ಕೊಡುವುದಿಲ್ಲ ಅಂತ ಕೇಸು ಹಾಕಲು ಹೋದವರಿಗೆ, ಆ ಗಂಡನ ದುಡ್ಡನ್ನೇ ನಿಮ್ಮ ಆದಾಯ ಅಂತ ಬರೆದುಕೊಟ್ಟರು.

ಚಿಕ್ಕಮ್ಮ ಮತ್ತೆ ಆ ಕಡೆ ಹೋಗಲಿಲ್ಲ. ಕಿವಿಯ ಓಲೆ ಅಡ ಇಟ್ಟು ವಕೀಲರಿಗೆ ಫೀಸ್ ಕಟ್ಟಿದರು. ಓಲೆ ಬಿಡಿಸಿಕೊಳ್ಳಲು ಆಗಲೇ ಇಲ್ಲ. ಆಗ ನನಗೂ 12ನೇ ಸೆಕ್ಷನ್ ಗೊತ್ತಿರಲಿಲ್ಲ. ಗೊತ್ತಿದ್ದರೆ ಅವತ್ತೇ ಜೊತೆಗೆ ಹೋಗಿ ಹೇಳುತ್ತಿದ್ದೆ: ಹೆಣ್ಣುಮಗಳಿಗೆ ಆದಾಯದ ಲೆಕ್ಕ ಇಲ್ಲ, ಅರ್ಜಿ ತಗೊಳ್ಳಿ ಅಂತ.

ಈಗ ಅರ್ಥ ಆಯಿತಲ್ವಾ, ಕಾನೂನು ಮಾಡಿದವರು ಮಹಿಳೆಯ ಆದಾಯ ಕೇಳದೆ ಬಿಟ್ಟಿದ್ದು ಎಷ್ಟು ಒಳ್ಳೆಯದಾಯಿತು ಅಂತ? ಮನೆಯಲ್ಲಿ ದುಡ್ಡಿರಬಹುದು. ಅವಳ ಕೈಯಲ್ಲಿ ಇರಬೇಕಲ್ಲ!

ಒಂದು ನಿಮಿಷ. ಈ ಚಾನೆಲ್‌ಗೆ ಹೊಸದಾಗಿ ಬಂದವರು ಸಬ್‌ಸ್ಕ್ರೈಬ್ ಮಾಡಿಕೊಳ್ಳಿ. ಪ್ರತಿ ಶನಿವಾರ ಒಂದು ಸಂಚಿಕೆ ಬರುತ್ತದೆ. ಇವತ್ತಿನದನ್ನು ನಿಮ್ಮ ಮಹಿಳಾ ಸಂಘದ ಗ್ರೂಪಿಗೆ, ಅಕ್ಕತಂಗಿಯರ ಗ್ರೂಪಿಗೆ ದಯವಿಟ್ಟು ಕಳಿಸಿ. ಇದನ್ನು ಕೇಳಬೇಕಾದವರು ತಾವಾಗಿ ಹುಡುಕಿಕೊಂಡು ಬರುವುದಿಲ್ಲ, ಯಾರಾದರೂ ಕೈಗೆ ಕೊಡಬೇಕು.

ಸರಿ. ಗಂಡಸರು ಕೇಳುತ್ತೀರಿ, ನಮಗೇನು ಅಂತ. ನೀವು ಪರಿಶಿಷ್ಟ ಜಾತಿ ಅಥವಾ ಪಂಗಡದವರಾದರೆ, ಅಂಗವಿಕಲರಾದರೆ, ಕೈಗಾರಿಕಾ ಕಾರ್ಮಿಕರಾದರೆ ನಿಮಗೂ ಇದೇ ಮಾತು, ಆದಾಯ ಕೇಳುವ ಹಾಗಿಲ್ಲ. ಇದ್ಯಾವುದೂ ಅಲ್ಲದಿದ್ದರೆ ಆಗ ಆದಾಯದ ಬಾಗಿಲು. ಮೂಲ ಕಾಯ್ದೆಯಲ್ಲಿ ವರ್ಷಕ್ಕೆ 9,000 ರೂಪಾಯಿ ಅಂತ ಇತ್ತು. ಅದನ್ನು ಏರಿಸುವ ಅಧಿಕಾರ ರಾಜ್ಯಗಳಿಗಿದೆ. ಕರ್ನಾಟಕದಲ್ಲಿ ಈಗ 3 ಲಕ್ಷ. ಸುಪ್ರೀಂ ಕೋರ್ಟಿನ ಕೇಸಾದರೆ 5 ಲಕ್ಷ. ಗಾರೆ ಕೆಲಸದವರು, ಆಟೋ ಓಡಿಸುವವರು, ಸೆಕ್ಯುರಿಟಿ ಕೆಲಸದವರು, ಎಷ್ಟೋ ಜನ ಇದರೊಳಗೆ ಬರುತ್ತಾರೆ.

ಇಲ್ಲೂ ಕಾರ್ಡೇ ಆಗಬೇಕು ಅಂತೇನಿಲ್ಲ. 13ನೇ ಸೆಕ್ಷನ್ ಓದಿ. ನನ್ನ ಆದಾಯ ಇಷ್ಟು ಅಂತ ನೀವು ಅಫಿಡವಿಟ್ ಮಾಡಿಕೊಟ್ಟರೆ ಅದನ್ನೇ ಸಾಕು ಅಂತ ತೆಗೆದುಕೊಳ್ಳಬಹುದು. ಅದನ್ನು ನಂಬದಿರಲು ಕಾರಣ ಇದ್ದರೆ ಮಾತ್ರ ಬೇರೆ ವಿಷಯ. ಇನ್ನೊಂದನ್ನು ಮುಚ್ಚಿಡದೆ ಹೇಳಬೇಕು. ಮೇಲ್ನೋಟಕ್ಕೆ ಕೇಸಿನಲ್ಲಿ ಹುರುಳಿದೆಯಾ ಅಂತ ಅವರು ನೋಡುತ್ತಾರೆ. ಅದು ಎಲ್ಲರಿಗೂ ಅನ್ವಯ. ಆದರೆ ಕೇಸಿನಲ್ಲಿ ಹುರುಳಿದೆಯಾ ಅನ್ನುವುದು ಬೇರೆ, ಕೈಯಲ್ಲಿ ಕಾರ್ಡ್ ಇದೆಯಾ ಅನ್ನುವುದು ಬೇರೆ.

ಅರ್ಜಿ ಹಾಕುವುದು ಹೇಗೆ? ನಿಮ್ಮ ತಾಲ್ಲೂಕು ಕೋರ್ಟಿಗೆ ಹೋಗಿ, ಕಾನೂನು ಸೇವಾ ಸಮಿತಿ ಎಲ್ಲಿ ಅಂತ ಕೇಳಿ. ಜಿಲ್ಲಾ ಕೇಂದ್ರವಾದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ, ಅದೂ ಜಿಲ್ಲಾ ಕೋರ್ಟಿನ ಆವರಣದಲ್ಲೇ ಇರುತ್ತದೆ. ಹೈಕೋರ್ಟಿನ ಕೇಸಿಗೆ ಹೈಕೋರ್ಟಿನದೇ ಸಮಿತಿ. ಫಾರಂ ಅಲ್ಲೇ ಸಿಗುತ್ತದೆ. ಕನ್ನಡದಲ್ಲೇ ಬರೆಯಿರಿ. ನೀವು ಯಾರು, ಎಲ್ಲಿರುವುದು, ಯಾರ ಜೊತೆ ತಕರಾರು, ಏನಾಗಬೇಕು, 12ನೇ ಸೆಕ್ಷನ್‌ನಲ್ಲಿ ಯಾವ ಕಾರಣಕ್ಕೆ ಬರುತ್ತೀರಿ. ಇಷ್ಟು ಸಾಕು. ಓದು ಬರಹ ಬಾರದಿದ್ದರೆ ಬಾಯಲ್ಲಿ ಹೇಳಿ, ಅಲ್ಲಿರುವವರೇ ಬರೆದುಕೊಂಡು ನಿಮ್ಮ ಹೆಬ್ಬೆಟ್ಟು ಹಾಕಿಸಿಕೊಳ್ಳಬೇಕು. ಹೋಗಲು ಆಗದಿದ್ದರೆ 15100ಗೆ ಫೋನ್ ಮಾಡಿ. ಅದು ರಾಷ್ಟ್ರೀಯ ಕಾನೂನು ಸೇವೆಗಳ ಪ್ರಾಧಿಕಾರದ ಸಹಾಯವಾಣಿ. ಅವರ ವೆಬ್‌ಸೈಟಿನಲ್ಲೂ ಅರ್ಜಿ ಹಾಕಬಹುದು. ಅರ್ಜಿಗೆ 7 ದಿನದೊಳಗೆ ತೀರ್ಮಾನ ಆಗಬೇಕು. ತಿರಸ್ಕರಿಸಿದರೆ ಅದೇ ಸಂಸ್ಥೆಯ ಅಧ್ಯಕ್ಷರಿಗೆ ಮೇಲ್ಮನವಿ ಕೊಡಬಹುದು. ಜಿಲ್ಲೆಯಲ್ಲಿ ಆ ಅಧ್ಯಕ್ಷರು ಅಂದರೆ ಜಿಲ್ಲಾ ನ್ಯಾಯಾಧೀಶರೇ.

ಸಿಗುವುದು ವಕೀಲರು ಮಾತ್ರ ಅಲ್ಲ. ಕೋರ್ಟ್ ಫೀಸು, ನೋಟಿಸ್ ಕಳಿಸುವ ಖರ್ಚು, ಟೈಪಿಂಗ್, ಅನುವಾದ, ತೀರ್ಪಿನ ದೃಢೀಕೃತ ನಕಲು, ಇವೂ ಅದರಲ್ಲೇ ಬರುತ್ತವೆ. ಆ ವಕೀಲರು ನಿಮ್ಮಿಂದ ಒಂದು ರೂಪಾಯಿಯನ್ನೂ ಕೇಳುವ ಹಾಗಿಲ್ಲ. ಕೇಳಿದರೆ ಸಮಿತಿಯ ಕಾರ್ಯದರ್ಶಿಗೆ ಬರೆದುಕೊಡಿ.

ಈಗ ಕಾಮೆಂಟಿಗೆ ವಾಪಸ್ ಬರುತ್ತೇನೆ. ಈ ಸಂಚಿಕೆಗೂ ಏನೇನು ಬರುತ್ತದೆ ಅಂತ ನನಗೆ ಗೊತ್ತು. "ಹಾಗಾದ್ರೆ ಶ್ರೀಮಂತ ಹೆಂಗಸರೂ ಫ್ರೀಯಾಗಿ ತಗೋತಾರಲ್ಲ?" ಯಾವ ಶ್ರೀಮಂತ ಹೆಂಗಸು ತಾಲ್ಲೂಕು ಕೋರ್ಟಿನ ಬೆಂಚಿನ ಮೇಲೆ ಬೆಳಗಿನಿಂದ ಕಾಯುತ್ತಾ ಕೂರುತ್ತಾಳೆ ಹೇಳಿ! ದುಡ್ಡಿದ್ದವರು ಅವತ್ತೇ ತಮಗೆ ಬೇಕಾದ ವಕೀಲರ ಆಫೀಸಿಗೆ ಹೋಗಿರುತ್ತಾರೆ. ಯಾರೋ ಒಬ್ಬಳು ತಗೊಂಡಾಳು ಅಂತ ಸಾವಿರ ಜನಕ್ಕೆ ಬಾಗಿಲು ಹಾಕಬೇಕಾ?

ಇನ್ನೊಂದು ಮಾತು. "ಫ್ರೀ ವಕೀಲರು ಸರಿಯಾಗಿ ಕೇಸು ನಡೆಸಲ್ಲ." ಬಿಡಿ ಈ ಮಾತನ್ನು. ಸಾಮಾನ್ಯವಾಗಿ ಕನಿಷ್ಠ 3 ವರ್ಷ ವಕೀಲಿಕೆ ಮಾಡಿದವರನ್ನೇ ಪಟ್ಟಿಗೆ ಸೇರಿಸಬೇಕು ಅಂತ 2010ರ ನಿಯಮದಲ್ಲಿದೆ. ಕೇಸು ಹೇಗೆ ನಡೆಯುತ್ತಿದೆ ಅಂತ ನೋಡಲು ಉಸ್ತುವಾರಿ ಸಮಿತಿ ಇದೆ. ಪಟ್ಟಿಯಲ್ಲಿ ಇಂಥವರೇ ಬೇಕು ಅಂತ ಕೇಳಿಕೊಳ್ಳಬಹುದು, ಸರಿ ಹೋಗದಿದ್ದರೆ ಬದಲಿಸಿ ಅಂತ ಅರ್ಜಿ ಕೊಡಬಹುದು. ದುಡ್ಡು ಕೊಟ್ಟು ಇಟ್ಟ ವಕೀಲರೆಲ್ಲ ಪ್ರತಿ ತಾರೀಕಿಗೆ ತಪ್ಪದೆ ಬರುತ್ತಾರಾ? ನಮ್ಮ ಚಿಕ್ಕಮ್ಮನ ಕೇಸಿನಲ್ಲಿ ಬಂದಿರಲಿಲ್ಲ. ಓಲೆ ಹೋಗಿದ್ದೊಂದು ಮಾತ್ರ ನಿಜ.

"ಕಾನೂನಿನಲ್ಲಿ ಏನೇ ಇರಲಿ, ಅಲ್ಲಿ ಕೇಳೇ ಕೇಳ್ತಾರೆ" ಅನ್ನುತ್ತೀರಿ. ಕೇಳಲಿ! ಕೇಳಿದಾಗ ಹೇಳಿ. "ಸರ್, 12ನೇ ಸೆಕ್ಷನ್ ಸಿ. ನಾನು ಮಹಿಳೆ. ಆದಾಯದ ಲೆಕ್ಕ ಇಲ್ಲ." ಅದಕ್ಕೂ ಒಪ್ಪದಿದ್ದರೆ, ಅರ್ಜಿ ತಗೊಳ್ಳಲ್ಲ ಅಂತ ಬರೆದುಕೊಡಿ ಅನ್ನಿ. ಗಟ್ಟಿಯಾಗಿ ಅನ್ನಿ, ಪಕ್ಕದ ಬೆಂಚಿನವರಿಗೂ ಕೇಳಲಿ. ಆ ಬೆಂಚಿನ ಮೇಲೂ ಒಬ್ಬಳು ಕವರ್ ಹಿಡಿದು ಕೂತಿರುತ್ತಾಳೆ.

ಬರೆದುಕೊಂಡಿದ್ದು ಇಲ್ಲಿಗೆ ಮುಗಿಯಿತು. ಇನ್ನು ಹಾಗೇ ಮಾತಾಡುತ್ತೇನೆ. ನನಗೆ ಸಿಟ್ಟು ಬರುವುದು ಯಾಕೆ ಗೊತ್ತಾ? ಕಚೇರಿಯವರು ಇಲ್ಲ ಅಂದರೆ ಅದಕ್ಕೆ ಮೇಲ್ಮನವಿ ಇದೆ. ಕಾಮೆಂಟಿನಲ್ಲಿ ಯಾರೋ "ಸಿಗಲ್ಲ" ಅಂದರೆ ಅದಕ್ಕೆ ಮೇಲ್ಮನವಿ ಎಲ್ಲಿದೆ? ಆ ಹೆಂಗಸು ಅರ್ಜಿಯನ್ನೇ ಹಾಕುವುದಿಲ್ಲ. ಅರ್ಜಿಯೇ ಇಲ್ಲದ ಮೇಲೆ ಅವರ ಹೆಸರು ಯಾವ ಲೆಕ್ಕದಲ್ಲೂ ಬರುವುದಿಲ್ಲ. ಕಾಮೆಂಟ್ ಹಾಕಿದ ಅಣ್ಣ, ನಿಮಗೂ ಯಾರೋ ತಪ್ಪು ಹೇಳಿರಬಹುದು. ಆದರೆ ಗೊತ್ತಿಲ್ಲದಿದ್ದರೆ ಗೊತ್ತಿಲ್ಲ ಅನ್ನಿ. "ಸಿಗಲ್ಲ" ಅನ್ನಬೇಡಿ. ಹೆಣ್ಣುಮಕ್ಕಳಿಗೆ ಆದಾಯದ ಲೆಕ್ಕ ಇಲ್ಲ, ಇಲ್ಲ, ಇಲ್ಲ. ಎಷ್ಟು ಸಲ ಬೇಕಾದರೂ ಹೇಳುತ್ತೇನೆ.

ಬಾಡಿಗೆ ಕರಾರಿನ ಸಂಚಿಕೆ ಮುಂದಿನ ಶನಿವಾರ ಖಂಡಿತ ಬರುತ್ತದೆ. ನಿಮ್ಮ ಪ್ರಶ್ನೆಗಳನ್ನು ಕೆಳಗೆ ಬರೆಯಿರಿ. ಹೆಸರು, ಫೋನ್ ನಂಬರ್, ಕೇಸ್ ನಂಬರ್ ಮಾತ್ರ ಹಾಕಬೇಡಿ, ಎಲ್ಲರೂ ನೋಡುತ್ತಾರೆ.

ರಾತ್ರಿ ಹನ್ನೊಂದೂವರೆಗೆ ಕೇಳಿದ ಅಕ್ಕ, ನಿಮ್ಮ ಪ್ರಶ್ನೆಯ ಕೆಳಗೆ ಉತ್ತರ ಹಾಕಿದ್ದೇನೆ. "ಸಿಗುತ್ತದೆ" ಅಂತ. ಸೋಮವಾರ ಕೋರ್ಟ್ ತೆರೆದಿರುತ್ತದೆ. ಕಾರ್ಡ್ ಹುಡುಕುತ್ತಾ ಕೂರಬೇಡಿ. ಇರುವ ಕಾಗದಗಳನ್ನು ಒಂದು ಕವರ್‌ಗೆ ಹಾಕಿಕೊಂಡು ಹೋಗಿ. ಹೋಗಿ ಬಂದ ಮೇಲೆ ಏನಾಯಿತು ಅಂತ ಅಲ್ಲೇ ಬರೆಯಿರಿ, ನಾನು ನೋಡುತ್ತಿರುತ್ತೇನೆ.